ಬಹುವಾರ್ಷಿಕ ಹೂಗಿಡಗಳಿಗೆ ಯಾವ ಗೊಬ್ಬರ? ಕಾಂಪೋಸ್ಟ್‌ನಿಂದ ಕರಗುವ ಪುಡಿಯವರೆಗೆ ಒಂದು ಹೋಲಿಕೆ

ಒಂದು ಸಲ ನೆಟ್ಟರೆ ನಾಲ್ಕಾರು ವರ್ಷ ಹೂ ಬಿಡುವ ಗಿಡಗಳಿಗೆ ಗೊಬ್ಬರ ಆರಿಸುವ ಲೆಕ್ಕ ತರಕಾರಿ ಪಾತಿಯ ಲೆಕ್ಕಕ್ಕಿಂತ ಬೇರೆ. ತರಕಾರಿ ಮೂರು ತಿಂಗಳಲ್ಲಿ ಮುಗಿಯುತ್ತದೆ, ಬೆಳೆ ಕಿತ್ತಮೇಲೆ ಮಣ್ಣನ್ನು ಅಗೆದು ಮತ್ತೆ ಹದ ಮಾಡಬಹುದು. ಗುಲಾಬಿ, ದಾಸವಾಳ, ಮಲ್ಲಿಗೆಗಳ ಬೇರು ಅದೇ ಜಾಗದಲ್ಲಿ ವರ್ಷಗಟ್ಟಲೆ ಕೂತಿರುತ್ತದೆ. ಈ ವರ್ಷ ಹೆಚ್ಚಾಗಿ ಬಿದ್ದದ್ದು ಅಲ್ಲೇ ಉಳಿದು ಮುಂದಿನ ವರ್ಷವೂ ಕಾಡುತ್ತದೆ. ಹಾಗಾಗಿ ಈ ಹೋಲಿಕೆಯಲ್ಲಿ ನಾವು ಮುಖ್ಯವಾಗಿ ನೋಡುವುದು ಎರಡನ್ನು: ಗೊಬ್ಬರ ಎಷ್ಟು ದಿನ ಊಟ ಕೊಡುತ್ತದೆ, ಮತ್ತು ಊಟ ಮುಗಿದಮೇಲೆ ಮಣ್ಣಿನಲ್ಲಿ ಏನನ್ನು ಬಿಟ್ಟುಹೋಗುತ್ತದೆ.

ಅದಕ್ಕೂ ಮೊದಲು ಒಂದು ಮಾತು. ಹೂ ಬರುತ್ತಿಲ್ಲ ಎಂದಾಗ ಕೊರತೆ ಗೊಬ್ಬರದ್ದೇ ಎಂದು ತಿಳಿಯಬೇಡಿ. ಗುಲಾಬಿ, ದಾಸವಾಳ, ಮಲ್ಲಿಗೆ, ಬೋಗನ್‌ವಿಲ್ಲಾಗಳಿಗೆ ದಿನಕ್ಕೆ ಕನಿಷ್ಠ 6 ಗಂಟೆ ನೇರ ಬಿಸಿಲು ಬೇಕು. ಮೂರು ಗಂಟೆ ಬಿಸಿಲು ಬೀಳುವ ಮೂಲೆಯಲ್ಲಿ ಎಂಥ ಗೊಬ್ಬರ ಹಾಕಿದರೂ ಎಲೆ ಬಂದೀತು, ಹೂ ಬಾರದು. ನೀರು ಬಸಿಯುವುದನ್ನೂ ನೋಡಿಕೊಳ್ಳಿ. 30 ಸೆಂ.ಮೀ. ಆಳದ ಗುಂಡಿ ತೋಡಿ, ಒಮ್ಮೆ ನೀರು ತುಂಬಿ ಇಂಗಲು ಬಿಡಿ, ಎರಡನೇ ಸಲ ತುಂಬಿ ಅಳೆಯಿರಿ. ಗಂಟೆಗೆ 2ರಿಂದ 5 ಸೆಂ.ಮೀ. ಇಳಿದರೆ ಸಾಕು. ಅದಕ್ಕಿಂತ ನಿಧಾನವಾದರೆ ಬೇರಿಗೆ ಗಾಳಿ ಸಿಗದೆ ಎಲೆ ಹಳದಿಯಾಗುತ್ತದೆ. ಆ ಹಳದಿ ಥೇಟ್ ಸಾರಜನಕದ ಕೊರತೆಯಂತೆಯೇ ಕಾಣುವುದರಿಂದ ಜನ ಇನ್ನಷ್ಟು ಗೊಬ್ಬರ ಸುರಿಯುತ್ತಾರೆ. ಕೊಳೆಯುತ್ತಿರುವ ಬೇರಿಗೆ ಉಪ್ಪಿನ ಹೊರೆಯೂ ಸೇರಿ ಗಿಡ ಪೂರ್ತಿ ಹೋಗುತ್ತದೆ.

ಗಿಡದ ಹಸಿವು ಎಷ್ಟು?

ಹೊಟ್ಟೆಬಾಕ ಗಿಡಗಳಿವೆ: ಗುಲಾಬಿ, ದಾಸವಾಳ, ಕಾನಾ, ಸೇವಂತಿಗೆ, ಜರ್ಬೆರಾ. ಮತ್ತೆ ಮತ್ತೆ ಚಿಗುರಿ ದೊಡ್ಡ ಹೂ ಬಿಡುವ ಇವುಗಳಿಗೆ ವರ್ಷಕ್ಕೆ ಚದರ ಮೀಟರಿಗೆ 10ರಿಂದ 15 ಗ್ರಾಂ ಸಾರಜನಕ ಸಿಗಬೇಕು. ಮಲ್ಲಿಗೆ, ಕನಕಾಂಬರ, ನಂದಿಬಟ್ಟಲು, ಇಕ್ಸೋರಾ, ಡೇ ಲಿಲಿ, ಸುಗಂಧರಾಜಗಳದ್ದು ಮಧ್ಯಮ ಹಸಿವು, 5ರಿಂದ 8 ಗ್ರಾಂ ಸಾಕು. ಬೋಗನ್‌ವಿಲ್ಲಾ, ಕಣಗಿಲೆ, ನಿತ್ಯಪುಷ್ಪ, ಲಂಟಾನ, ಗೈಲಾರ್ಡಿಯಾ, ಲ್ಯಾವೆಂಡರ್‌ಗಳಿಗೆ ಬಡಮಣ್ಣೇ ಇಷ್ಟ. ವರ್ಷಕ್ಕೊಮ್ಮೆ ತೆಳುವಾಗಿ ಕಾಂಪೋಸ್ಟ್ ಹರಡಿದರೆ ಅವುಗಳ ಅಗತ್ಯ ಮುಗಿಯಿತು. ಅವಕ್ಕೆ ಗುಲಾಬಿಯ ಪಾಲು ಬಡಿಸಿದರೆ ಕಾಂಡ ಉದ್ದವಾಗಿ ಬೆಳೆದು ಬಾಗುತ್ತದೆ, ಎಲೆ ದಟ್ಟವಾಗುತ್ತದೆ, ಹೂ ಮಾಯ.

ಮನೆ ತೋಟದಲ್ಲಿ ಎಡವುವುದು ಬಹುಮಟ್ಟಿಗೆ ಇಲ್ಲೇ. ಎಲ್ಲ ಗಿಡಕ್ಕೂ ಒಂದೇ ದಿನ, ಒಂದೇ ಚೀಲದಿಂದ, ಒಂದೇ ಹಿಡಿ. ಹಸಿವು ಬೇರೆ ಬೇರೆಯಾದ ಗಿಡಗಳನ್ನು ಒಂದೇ ಪಾತಿಯಲ್ಲಿ ನೆಡದಿರುವುದು ಅರ್ಧ ಪರಿಹಾರ. ಕುಂಡಗಳನ್ನೂ ಹೀಗೆಯೇ ಮೂರು ಗುಂಪಾಗಿ ಜೋಡಿಸಿಟ್ಟುಕೊಂಡರೆ ಗೊಬ್ಬರ ಕೊಡುವ ದಿನ ತಪ್ಪಾಗುವುದಿಲ್ಲ.

ಚೀಲದ ಮೇಲಿನ ಮೂರು ಸಂಖ್ಯೆ

19:19:19 ಎಂದರೆ ನೂರು ಗ್ರಾಂ ಗೊಬ್ಬರದಲ್ಲಿ 19 ಗ್ರಾಂ ಸಾರಜನಕ, ರಂಜಕದ ಆಕ್ಸೈಡ್ ಲೆಕ್ಕದಲ್ಲಿ 19 ಗ್ರಾಂ, ಪೊಟ್ಯಾಷಿಯಂ ಆಕ್ಸೈಡ್ (ಪೊಟ್ಯಾಷ್) ಲೆಕ್ಕದಲ್ಲಿ 19 ಗ್ರಾಂ. ಯೂರಿಯಾದಲ್ಲಿ ಸಾರಜನಕ 46, ಬೇರೇನೂ ಇಲ್ಲ. ಡಿಎಪಿ, ಅಂದರೆ ಡೈಅಮೋನಿಯಂ ಫಾಸ್ಫೇಟ್, 18:46:0. ಪೊಟ್ಯಾಷಿಯಂ ಸಲ್ಫೇಟ್ 0:0:50.

ಈ ಸಂಖ್ಯೆಗಳನ್ನು ಗ್ರಾಮಿಗೆ ಇಳಿಸಿ ನೋಡಿದಾಗಲೇ ಹೋಲಿಕೆಗೆ ಅರ್ಥ ಬರುವುದು. 2 ಚದರ ಮೀಟರಿನ ಮಲ್ಲಿಗೆ ಪಾತಿ ಇದೆ, ಮೀಟರಿಗೆ 6ರಂತೆ ವರ್ಷಕ್ಕೆ 12 ಗ್ರಾಂ ಸಾರಜನಕ ಕೊಡಬೇಕು ಎಂದುಕೊಳ್ಳಿ. ಸಾರಜನಕ ಸುಮಾರು 4.5% ಇರುವ ಬೇವಿನ ಹಿಂಡಿಯಾದರೆ 270 ಗ್ರಾಂ ಬೇಕು. 19:19:19 ಆದರೆ 63 ಗ್ರಾಂ. 10:26:26 ಆದರೆ 120 ಗ್ರಾಂ, ಆದರೆ ಅದರ ಜೊತೆಗೆ ಆಕ್ಸೈಡ್ ಲೆಕ್ಕದಲ್ಲಿ 31 ಗ್ರಾಂ ರಂಜಕವೂ ಮಣ್ಣಿಗೆ ಸೇರುತ್ತದೆ. ಗಿಡ ಬಳಸುವ ರಂಜಕ ಸಾರಜನಕಕ್ಕಿಂತ ಬಹಳ ಕಡಿಮೆ. ಮಿಕ್ಕದ್ದು ನೀರಿನೊಡನೆ ಸುಲಭವಾಗಿ ಹರಿದುಹೋಗುವುದಿಲ್ಲ, ಮಣ್ಣಿನ ಕಣಗಳಿಗೆ ಅಂಟಿಕೊಂಡು ವರ್ಷದಿಂದ ವರ್ಷಕ್ಕೆ ಕೂಡುತ್ತಾ ಹೋಗುತ್ತದೆ. ಹೂ ಗಿಡದ ಪಾತಿಗೆ ಡಿಎಪಿ, 10:26:26ಗಳನ್ನು ವರ್ಷವೂ ಹಾಕಬೇಡಿ ಎಂದು ನಾವು ಒತ್ತಿ ಹೇಳುವುದು ಇದೇ ಕಾರಣಕ್ಕೆ. ಮಣ್ಣು ಪರೀಕ್ಷೆಯಲ್ಲಿ ರಂಜಕ ಕಡಿಮೆ ಎಂದು ಬಂದರೆ ಮಾತ್ರ ಅವುಗಳಿಗೆ ಜಾಗ.

ಕಾಂಪೋಸ್ಟ್, ಕೊಟ್ಟಿಗೆ ಗೊಬ್ಬರ, ಎರೆಗೊಬ್ಬರ

ನೆಲದಲ್ಲಿರುವ ಗಿಡಗಳಿಗೆ ಕಾಂಪೋಸ್ಟ್‌ಗಿಂತ ಒಳ್ಳೆಯ ಬುನಾದಿ ಇಲ್ಲ. ಅದರಲ್ಲಿ ಪೋಷಕಾಂಶ ಕಡಿಮೆ. ಕೊಟ್ಟಿಗೆ ಗೊಬ್ಬರದಲ್ಲಿ ಸಾರಜನಕ ಅರ್ಧ ಶೇಕಡದ ಆಸುಪಾಸು, ಎರೆಗೊಬ್ಬರದಲ್ಲಿ ಒಂದರಿಂದ ಎರಡು ಶೇಕಡ. ಅದರಲ್ಲೂ ಮೊದಲ ವರ್ಷ ಗಿಡಕ್ಕೆ ದಕ್ಕುವುದು ಒಂದು ಪಾಲು ಮಾತ್ರ. ಆದರೆ ಮರಳು ಮಣ್ಣಿಗೆ ನೀರು ಹಿಡಿಯುವ ಗುಣ, ಜೇಡಿಮಣ್ಣಿಗೆ ಸಡಿಲತನ, ಸೂಕ್ಷ್ಮಜೀವಿಗಳಿಗೆ ಆಹಾರ ಇವೆಲ್ಲ ಸಿಗುವುದು ಇದರಿಂದಲೇ. ಯಾವ ಕರಗುವ ಪುಡಿಯೂ ಈ ಕೆಲಸ ಮಾಡಲಾರದು.

ಪ್ರಮಾಣ: ವರ್ಷಕ್ಕೊಮ್ಮೆ, ಹೊಸ ಚಿಗುರು ಹೊರಡುವ ಮುಂಚೆ, ಕಳಿತ ಕಾಂಪೋಸ್ಟ್ ಅಥವಾ ಕೊಟ್ಟಿಗೆ ಗೊಬ್ಬರವನ್ನು 2 ಸೆಂ.ಮೀ. ದಪ್ಪಕ್ಕೆ ಹರಡಿ. ಚದರ ಮೀಟರಿಗೆ 20 ಲೀಟರ್ ಆಗುತ್ತದೆ. ಎರೆಗೊಬ್ಬರ ಇದಕ್ಕಿಂತ ಸಾಂದ್ರವಾದ್ದರಿಂದ ಚದರ ಮೀಟರಿಗೆ 1ರಿಂದ 2 ಕೆ.ಜಿ. ಸಾಕು. ಬುಡದ ಸುತ್ತ ನಾಲ್ಕು ಬೆರಳು ಜಾಗ ಬಿಡಿ. ಕಾಂಡಕ್ಕೆ ಒತ್ತಿ ರಾಶಿ ಹಾಕಿದರೆ ತೊಗಟೆ ಕೊಳೆಯುತ್ತದೆ. ಅಗೆದು ಬೆರೆಸುವ ಅಗತ್ಯವಿಲ್ಲ. ಬಹುವಾರ್ಷಿಕ ಗಿಡಗಳ ಆಹಾರ ಹೀರುವ ಸಣ್ಣ ಬೇರುಗಳು ಮೇಲಿನ 15–20 ಸೆಂ.ಮೀ. ಮಣ್ಣಿನಲ್ಲೇ ಹೆಚ್ಚಾಗಿರುತ್ತವೆ. ಗುದ್ದಲಿ ಹಾಕಿದರೆ ಅವೇ ಕತ್ತರಿಸಿ ಹೋಗುತ್ತವೆ. ಮೇಲೆ ಹರಡಿದ್ದನ್ನು ಎರೆಹುಳುಗಳೂ ನೀರೂ ಕೆಳಗೆ ಒಯ್ಯುತ್ತವೆ.

ಹಸಿ ಸಗಣಿ ಬೇಡವೇ ಬೇಡ. ಅದರ ಅಮೋನಿಯಾ ಬೇರನ್ನು ಸುಡುತ್ತದೆ, ಜೊತೆಗೆ ಕಳೆಬೀಜ, ಗೊಣ್ಣೆಹುಳುಗಳೂ ಬರುತ್ತವೆ. ಕಳಿತ ಗೊಬ್ಬರಕ್ಕೆ ಮಣ್ಣಿನ ವಾಸನೆ ಇರುತ್ತದೆ, ಮುಟ್ಟಿದರೆ ಬಿಸಿ ಇರುವುದಿಲ್ಲ, ಮೂಲ ವಸ್ತು ಗುರುತು ಸಿಗುವುದಿಲ್ಲ. ಮರದ ಹೊಟ್ಟು, ಒಣ ಎಲೆಗಳನ್ನು ಮಣ್ಣಿನೊಳಗೆ ಬೆರೆಸಬೇಡಿ. ಅವು ಕೊಳೆಯುವಾಗ ಸೂಕ್ಷ್ಮಜೀವಿಗಳು ಮಣ್ಣಿನ ಸಾರಜನಕವನ್ನೇ ಎಳೆದುಕೊಂಡು ಗಿಡವನ್ನು ಉಪವಾಸ ಕೆಡವುತ್ತವೆ. ಅದೇ ವಸ್ತುವನ್ನು 5 ಸೆಂ.ಮೀ. ಹೊದಿಕೆಯಾಗಿ ಮೇಲೆ ಹಾಸಿದರೆ ಈ ತೊಂದರೆ ಇಲ್ಲ.

ಹಿಂಡಿ, ಮೂಳೆಪುಡಿ, ಬೂದಿ

ಕಾಂಪೋಸ್ಟ್‌ಗಿಂತ ಬಿರುಸಾದ, ರಾಸಾಯನಿಕಕ್ಕಿಂತ ನಿಧಾನವಾದ ಸಾರಜನಕ ಬೇಕಿದ್ದರೆ ಹಿಂಡಿಗಳು. ಬೇವಿನ ಹಿಂಡಿ ಮತ್ತು ಹರಳೆಣ್ಣೆ ಹಿಂಡಿಯಲ್ಲಿ 4ರಿಂದ 5%, ಕಡಲೆಕಾಯಿ ಹಿಂಡಿಯಲ್ಲಿ ಸುಮಾರು 7% ಸಾರಜನಕ ಇರುತ್ತದೆ. ನಮ್ಮ ಮೊದಲ ಆಯ್ಕೆ ಬೇವಿನ ಹಿಂಡಿ. ಮಣ್ಣಿನಲ್ಲಿ ಅಮೋನಿಯಾ ನೈಟ್ರೇಟ್ ಆಗಿ ಮಾರ್ಪಡುವುದನ್ನು ಅದು ತಡೆತಡೆದು ಆಗುವಂತೆ ಮಾಡುತ್ತದೆ, ಹಾಗಾಗಿ ಸಾರಜನಕ ಮಳೆ ನೀರಿಗೆ ಬೇಗ ತೊಳೆದುಹೋಗುವುದಿಲ್ಲ. ಬೇರುಗಂಟು ಮಾಡುವ ಜಂತುಗಳಿಗೂ ಅದು ಹಿಡಿಸದು. ಹರಳೆಣ್ಣೆ ಹಿಂಡಿಯ ಗುಣವೂ ಹೆಚ್ಚುಕಡಿಮೆ ಅಷ್ಟೇ, ಆದರೆ ಅದು ನಾಯಿಗಳಿಗೆ ವಿಷ. ಸಾಕುಪ್ರಾಣಿಗಳು ಓಡಾಡುವ ತೋಟದಲ್ಲಿ ಇಡಬೇಡಿ. ಕಡಲೆಕಾಯಿ ಹಿಂಡಿಗೆ ಇಲಿ, ಇರುವೆ ಬೇಗ ಹುಡುಕಿಕೊಂಡು ಬರುತ್ತವೆ.

ನೆಲದ ಗಿಡಕ್ಕೆ ಚದರ ಮೀಟರಿಗೆ 100ರಿಂದ 150 ಗ್ರಾಂ ಬೇವಿನ ಹಿಂಡಿಯನ್ನು ಮೇಲ್ಮಣ್ಣಿಗೆ ಉದುರಿಸಿ, ಕೈಗುದ್ದಲಿಯಿಂದ ಒಂದು ಅಂಗುಲ ಕೆದರಿ, ಮುಚ್ಚಿ ನೀರು ಕೊಡಿ. 12 ಅಂಗುಲದ ಕುಂಡಕ್ಕೆ ಎರಡು ತಿಂಗಳಿಗೊಮ್ಮೆ 25–30 ಗ್ರಾಂ. ಪುಡಿಯನ್ನು ಮೇಲೆಯೇ ಬಿಟ್ಟರೆ ಬಿಳಿ ಬೂಸ್ಟು ಬರುತ್ತದೆ, ಸಣ್ಣ ನೊಣ ಏಳುತ್ತವೆ. ಕುಂಡ ತುಂಬುವಾಗ ಬೆರೆಸುವುದಾದರೆ ಮಿಶ್ರಣವನ್ನು ತೇವ ಮಾಡಿ ಹತ್ತು ಹದಿನೈದು ದಿನ ನೆರಳಲ್ಲಿಟ್ಟು ಆಮೇಲೆ ಗಿಡ ನೆಡಿ. ಹಿಂಡಿ ಕೊಳೆಯುವಾಗ ಹುಟ್ಟುವ ಬಿಸಿ ಎಳೆ ಬೇರಿಗೆ ತಾಗಬಾರದು. ಬೇಗ ಫಲ ಬೇಕೆಂದರೆ 100 ಗ್ರಾಂ ಹಿಂಡಿಯನ್ನು ಒಂದು ಲೀಟರ್ ನೀರಿನಲ್ಲಿ ಮೂರರಿಂದ ಐದು ದಿನ ನೆನೆಸಿ, ದಿನಕ್ಕೊಮ್ಮೆ ಕಲಕಿ, ಸೋಸಿ, ಹತ್ತು ಪಟ್ಟು ನೀರು ಬೆರೆಸಿ ಬುಡಕ್ಕೆ ಹಾಕಬಹುದು. ವಾಸನೆ ಮಾತ್ರ ಜೋರು.

ಮೂಳೆಪುಡಿಯ ಹೆಸರು ಅದರ ಕೆಲಸಕ್ಕಿಂತ ದೊಡ್ಡದು. ಅದರಲ್ಲಿ ರಂಜಕ 20% ಆಸುಪಾಸು ಇದೆ, ನಿಜ. ಆದರೆ ಅದು ಕರಗಲು ಮಣ್ಣು ಹುಳಿಯಾಗಿರಬೇಕು. ಪಿಎಚ್, ಅಂದರೆ ಹುಳಿ-ಕ್ಷಾರದ ಅಳತೆ, 7 ದಾಟಿದ ಮಣ್ಣಿನಲ್ಲಿ ಮೂಳೆಪುಡಿ ಹೆಚ್ಚುಕಡಿಮೆ ಹಾಕಿದಂತೆಯೇ ಬಿದ್ದಿರುತ್ತದೆ. ನಾಯಿ, ಹೆಗ್ಗಣಗಳು ವಾಸನೆ ಹಿಡಿದು ಹೊಸದಾಗಿ ನೆಟ್ಟ ಗಿಡವನ್ನೇ ಕೆದರಿ ಕಿತ್ತುಹಾಕುವುದೂ ಉಂಟು. ಮಣ್ಣು ಹುಳಿ, ರಂಜಕ ಕಡಿಮೆ ಎಂದು ಖಚಿತವಿದ್ದರೆ ನೆಡುವ ಗುಂಡಿಗೆ 50 ಗ್ರಾಂ ಹಾಕಿ, ಇಲ್ಲವಾದರೆ ಬಿಟ್ಟುಬಿಡಿ.

ಕಟ್ಟಿಗೆ ಬೂದಿಯಲ್ಲಿ ಪೊಟ್ಯಾಷ್ ಇದೆ, ಅದಕ್ಕಿಂತ ಹೆಚ್ಚು ಸುಣ್ಣ ಇದೆ. ಹುಳಿ ಮಣ್ಣಿಗೆ ವರ್ಷಕ್ಕೆ ಚದರ ಮೀಟರಿಗೆ 50ರಿಂದ 100 ಗ್ರಾಂ ಹಿತ. ಇಕ್ಸೋರಾ, ಹೈಡ್ರೇಂಜಿಯಾ, ಅಜೇಲಿಯಾಗಳ ಹತ್ತಿರ ಸುಳಿಯಬಾರದು. ಯೂರಿಯಾ ಅಥವಾ ಅಮೋನಿಯಂ ಗೊಬ್ಬರದ ಜೊತೆ ಬೆರೆಸಿದರೆ ಸಾರಜನಕ ಅಮೋನಿಯಾ ಗಾಳಿಯಾಗಿ ಹಾರಿಹೋಗುತ್ತದೆ. ಎರಡರ ನಡುವೆ ಮೂರು ನಾಲ್ಕು ವಾರ ಬಿಡಿ. ಮೊಟ್ಟೆಚಿಪ್ಪು, ಬಾಳೆಸಿಪ್ಪೆಗಳನ್ನು ನೇರ ಕುಂಡಕ್ಕೆ ಹಾಕುವುದರಿಂದ ನೊಣವಲ್ಲದೆ ಬೇರೇನೂ ಬೇಗ ಬರುವುದಿಲ್ಲ. ಅವು ಕಾಂಪೋಸ್ಟ್ ಗುಂಡಿಗೆ ಹೋಗಲಿ.

ಕಾಳುಗೊಬ್ಬರ, ಕರಗುವ ಪುಡಿ, ಲೇಪಿತ ಗೊಬ್ಬರ

ಕಾಳು ರೂಪದ ರಾಸಾಯನಿಕ ಗೊಬ್ಬರ ಅಗ್ಗ, ಬಿರುಸು, ಮತ್ತು ಕೈತಪ್ಪಿದರೆ ಅಪಾಯ. ನೆಲದಲ್ಲಿ ಬೇರೂರಿದ ದೊಡ್ಡ ಗಿಡಗಳಿಗಷ್ಟೇ ಇದನ್ನು ಬಳಸಿ. ಕಾಂಡದಿಂದ ಒಂದು ಗೇಣು ದೂರದಲ್ಲಿ, ಕೊಂಬೆ ಹರಡಿರುವಷ್ಟು ಅಗಲಕ್ಕೆ ಉದುರಿಸಬೇಕು. ಮಣ್ಣು ಮೊದಲೇ ತೇವವಾಗಿರಬೇಕು, ಉದುರಿಸಿದ ಮೇಲೆ ಮತ್ತೆ ನೀರು ಕೊಡಬೇಕು. ಯೂರಿಯಾವನ್ನು ಮೇಲೆ ಚೆಲ್ಲಿ ನೀರು ಕೊಡದೆ ಬಿಟ್ಟರೆ ಬಿಸಿಲಿಗೆ ಅದರ ಸಾರಜನಕದ ಒಳ್ಳೆಯ ಪಾಲು ಗಾಳಿ ಸೇರುತ್ತದೆ. ಮ್ಯೂರಿಯೇಟ್ ಆಫ್ ಪೊಟ್ಯಾಷ್‌ನಲ್ಲಿ (ಪೊಟ್ಯಾಷಿಯಂ ಕ್ಲೋರೈಡ್) ಕ್ಲೋರೈಡ್ ಬಹಳ ಇರುವುದರಿಂದ ಕುಂಡಕ್ಕೆ ಅದನ್ನು ಹಾಕದೆ ಸಲ್ಫೇಟ್ ರೂಪದ ಪೊಟ್ಯಾಷ್ ಹಾಕಿ.

ನೀರಿನಲ್ಲಿ ಕರಗುವ ಪುಡಿ ಕುಂಡದ ಗಿಡಗಳಿಗೆ ಹೇಳಿ ಮಾಡಿಸಿದ್ದು. ಫಲ ಒಂದು ವಾರದಲ್ಲೇ ಕಾಣುತ್ತದೆ, ಪ್ರಮಾಣ ನಿಮ್ಮ ಕೈಯಲ್ಲಿರುತ್ತದೆ, ತಪ್ಪಾದರೆ ನೀರು ಹಾಯಿಸಿ ತೊಳೆಯಬಹುದು. ಕೆಟ್ಟದ್ದೆಂದರೆ ಒಂದೆರಡು ವಾರದಲ್ಲಿ ಖಾಲಿಯಾಗುತ್ತದೆ, ಮರೆತರೆ ಗಿಡ ಹಸಿದಿರುತ್ತದೆ. ಲೀಟರಿಗೆ 1 ಗ್ರಾಂ 19:19:19 ಎಂದರೆ ನೀರಿನಲ್ಲಿ 190 ಪಿಪಿಎಂ (ಲೀಟರಿಗೆ 190 ಮಿಲಿಗ್ರಾಂ) ಸಾರಜನಕ. ಕುಂಡದ ಗಿಡಗಳಿಗೆ 100ರಿಂದ 200 ಪಿಪಿಎಂ ಸಾಕಾಗುತ್ತದೆ. ಲೀಟರಿಗೆ ಒಂದು ಟೀ ಚಮಚ, ಅಂದರೆ ಸುಮಾರು 5 ಗ್ರಾಂ, ಎಂಬ ಸಲಹೆ ಎಲ್ಲೆಡೆ ಓಡಾಡುತ್ತಿದೆ. ಅದು ಬೇಕಾದ್ದರ ಐದು ಪಟ್ಟು. ಗ್ರಾಂ ತೂಗುವ ಪುಟ್ಟ ತಕ್ಕಡಿ ಇಟ್ಟುಕೊಳ್ಳಿ. ಹೊಟ್ಟೆಬಾಕ ಗಿಡಗಳಿಗೆ ಲೀಟರಿಗೆ 1 ಗ್ರಾಂನಂತೆ 10 ದಿನಕ್ಕೊಮ್ಮೆ, ಮಧ್ಯಮದವಕ್ಕೆ 20 ದಿನಕ್ಕೊಮ್ಮೆ.

ಲೇಪಿತ ಗೊಬ್ಬರ ಎಂದರೆ ರಾಳದ ಸಿಪ್ಪೆಯೊಳಗೆ ಕೂತ ಗೊಬ್ಬರದ ಕಾಳು. ತೇವ ಒಳಹೋಗಿ, ಕರಗಿದ ಗೊಬ್ಬರ ಸಿಪ್ಪೆಯ ಮೂಲಕ ಸ್ವಲ್ಪ ಸ್ವಲ್ಪವೇ ಹೊರಬರುತ್ತದೆ. ಮಿಶ್ರಣದ ಲೀಟರಿಗೆ 2ರಿಂದ 4 ಗ್ರಾಂ ಸಾಕು, 12 ಲೀಟರಿನ ಕುಂಡಕ್ಕೆ 24ರಿಂದ 48 ಗ್ರಾಂ ಆಯಿತು. ಡಬ್ಬಿಯ ಮೇಲೆ "3–4 ತಿಂಗಳು" ಎಂದಿದ್ದರೆ ಅದು ಸಾಮಾನ್ಯವಾಗಿ 21 ಡಿಗ್ರಿ ಸೆಲ್ಸಿಯಸ್ ಉಷ್ಣತೆಯ ಲೆಕ್ಕ. ಬಿಡುಗಡೆಯ ವೇಗ ಬಿಸಿಯ ಮೇಲೆ ನಿಂತಿದೆ. 30 ಡಿಗ್ರಿ ದಾಟುವ ಜಾಗದಲ್ಲಿ ಅದಕ್ಕಿಂತ ಬೇಗ ಮುಗಿಯುತ್ತದೆ, ಬಿಸಿಲಿಗೆ ಕಾದ ಕಪ್ಪು ಕುಂಡದಲ್ಲಿ ಇನ್ನೂ ಬೇಗ. ಸಿಪ್ಪೆ ಮಾತ್ರ ಕಾಳಿನ ರೂಪದಲ್ಲೇ ಮಣ್ಣಲ್ಲಿ ಉಳಿದಿರುವುದರಿಂದ ಗೊಬ್ಬರ ಇನ್ನೂ ಇದೆ ಎನಿಸುತ್ತದೆ. ಒಂದು ಕಾಳನ್ನು ಬೆರಳಲ್ಲಿ ಹಿಚುಕಿ ನೋಡಿ. ಬರೀ ನೀರು ಚಿಮ್ಮಿದರೆ ಅದರ ಆಯಸ್ಸು ಮುಗಿದಿದೆ. ಪದೇ ಪದೇ ಊರಿಗೆ ಹೋಗುವವರಿಗೆ, ಬಹಳ ಕುಂಡ ಇರುವವರಿಗೆ ಖರ್ಚು ಹೆಚ್ಚಾದರೂ ಇದೇ ಸರಿ.

ಹೂ ಹೆಚ್ಚಿಸುವ ಡಬ್ಬಿ ಬೇಕೇ?

ರಂಜಕ ಹೂವಿಗೆ, ಸಾರಜನಕ ಎಲೆಗೆ, ಪೊಟ್ಯಾಷ್ ಬೇರಿಗೆ ಎಂಬ ಪಾಠ ಎಲ್ಲರಿಗೂ ಬಾಯಿಪಾಠ. ಅದರ ಬಲದ ಮೇಲೆಯೇ ಮಧ್ಯದ ಸಂಖ್ಯೆ ದೊಡ್ಡದಿರುವ ಡಬ್ಬಿಗಳು ಹೂವಿನ ಚಿತ್ರ ಹೊತ್ತು ಮಾರಾಟವಾಗುತ್ತವೆ. ರಂಜಕದ ಕೊರತೆ ಇರುವ ಮಣ್ಣಿನಲ್ಲಿ ರಂಜಕ ಕೊಟ್ಟರೆ ಹೂ ಹೆಚ್ಚುವುದು ನಿಜ. ಸಾಕಷ್ಟು ಇರುವ ಮಣ್ಣಿಗೆ ಮತ್ತಷ್ಟು ಸುರಿದರೆ ಹೆಚ್ಚುವರಿ ಹೂ ಬರುವುದಿಲ್ಲ. ಬದಲಿಗೆ ಕಬ್ಬಿಣ, ಸತುವು ಗಿಡಕ್ಕೆ ದಕ್ಕದೆ ಹೊಸ ಎಲೆ ಬಿಳಚಿಕೊಳ್ಳುತ್ತದೆ. ಬೇರಿಗೆ ನೀರು, ರಂಜಕ ತಂದುಕೊಡುವ ಉಪಕಾರಿ ಶಿಲೀಂಧ್ರಗಳೂ ಹಿಮ್ಮೆಟ್ಟುತ್ತವೆ. ದಾಸವಾಳಕ್ಕಂತೂ ಹೆಚ್ಚು ರಂಜಕ ಆಗಿಬರುವುದೇ ಇಲ್ಲ. ಅದಕ್ಕೆ ಬೇಕಾದ್ದು ಸಾರಜನಕ ಮಧ್ಯಮ, ರಂಜಕ ಕಡಿಮೆ, ಪೊಟ್ಯಾಷ್ ಹೆಚ್ಚು.

ನಾವು ಹೇಳುವ ದಾರಿ ಇದು: ಚಿಗುರು ಬೆಳೆಯುವ ತನಕ ಸಮತೋಲದ ಗೊಬ್ಬರ. ಮೊಗ್ಗು ಬಟಾಣಿ ಗಾತ್ರಕ್ಕೆ ಬಂದಾಗ ಸಾರಜನಕ ಇಳಿಸಿ ಪೊಟ್ಯಾಷ್ ಏರಿಸಿ. ಇದಕ್ಕೆ 13:0:45, ಅಂದರೆ ಪೊಟ್ಯಾಷಿಯಂ ನೈಟ್ರೇಟ್, ಲೀಟರಿಗೆ 1 ಗ್ರಾಂನಂತೆ ಎರಡು ಸಲ ಕೊಟ್ಟರೆ ಸಾಕು. 0:52:34 ಅನ್ನು ಮೊಗ್ಗಿನ ಕಾಲಕ್ಕೆ ರೂಢಿಯಾಗಿ ಕೊಡುತ್ತಾ ಹೋಗುವುದನ್ನು ನಾವು ಒಪ್ಪುವುದಿಲ್ಲ. ಆ ದುಡ್ಡಿಗೆ ಒಳ್ಳೆಯ ಕತ್ತರಿ ಕೊಂಡರೆ ಹೂವಿಗೆ ಹೆಚ್ಚು ಲಾಭ. ಯಾಕೆಂದರೆ ಗುಲಾಬಿ, ಮಲ್ಲಿಗೆ, ದಾಸವಾಳ ಮೂರೂ ಹೂ ಬಿಡುವುದು ಹೊಸ ಚಿಗುರಿನ ಮೇಲೆ. ಸವರದ ಗಿಡಕ್ಕೆ ಗೊಬ್ಬರ ಕೊಟ್ಟರೆ ಹಳೆಯ ಕೊಂಬೆಗಳೇ ಉದ್ದವಾಗುತ್ತವೆ.

ನೆಲ ಬೇರೆ, ಕುಂಡ ಬೇರೆ

ನೆಲದಲ್ಲಿ ಬೇರು ದೂರ ಹೋಗಿ ತನ್ನ ಪಾಲು ಹುಡುಕಿಕೊಳ್ಳುತ್ತದೆ. ಒಳ್ಳೆಯ ಮಣ್ಣಿದ್ದರೆ ಮಧ್ಯಮ ಹಸಿವಿನ ಗಿಡಗಳಿಗೆ ವರ್ಷಕ್ಕೊಮ್ಮೆ ಕಾಂಪೋಸ್ಟ್, ಎರಡು ಸಲ ಹಿಂಡಿ, ಅಷ್ಟೇ. ಕುಂಡದಲ್ಲಿ ಪ್ರತಿ ಸಲ ನೀರು ಕೊಟ್ಟಾಗಲೂ ತಳದ ತೂತಿನಿಂದ ಸಾರಜನಕ, ಪೊಟ್ಯಾಷ್ ಹೊರಟುಹೋಗುತ್ತವೆ. ಅಲ್ಲಿ ಸ್ವಲ್ಪ ಸ್ವಲ್ಪವೇ, ಮೇಲಿಂದ ಮೇಲೆ ಕೊಡುವುದು ಸರಿ. ಮಿಶ್ರಣದಲ್ಲಿ ಎರೆಗೊಬ್ಬರ ಕಾಲುಭಾಗ ಮೀರದಿರಲಿ. ಹೆಚ್ಚಿದ್ದರೆ ಕೆಲವೇ ತಿಂಗಳಲ್ಲಿ ಮಣ್ಣು ಕುಸಿದು, ನೀರು ನಿಂತು, ಬೇರು ಉಸಿರುಗಟ್ಟುತ್ತದೆ.

ತೆಂಗಿನ ನಾರಿನ ಪುಡಿ ಬಳಸುವವರು ಇನ್ನೊಂದು ಗಮನಿಸಬೇಕು. ತೊಳೆಯದ ಪುಡಿಯಲ್ಲಿ ಸೋಡಿಯಂ, ಪೊಟ್ಯಾಷಿಯಂ ತುಂಬಿರುತ್ತದೆ, ಮತ್ತು ಅದು ಕ್ಯಾಲ್ಸಿಯಂ, ಮೆಗ್ನೀಷಿಯಂಗಳನ್ನು ಹಿಡಿದಿಟ್ಟುಕೊಂಡು ಗಿಡಕ್ಕೆ ಬಿಡುವುದಿಲ್ಲ. ಎರಡು ಮೂರು ನೀರಲ್ಲಿ ತೊಳೆದು ಬಳಸಿ. ಆಮೇಲೆ 15 ದಿನಕ್ಕೊಮ್ಮೆ ಲೀಟರಿಗೆ ಅರ್ಧದಿಂದ 1 ಗ್ರಾಂ ಕ್ಯಾಲ್ಸಿಯಂ ನೈಟ್ರೇಟ್ ಕೊಡಿ. ಅದನ್ನು ರಂಜಕ ಅಥವಾ ಸಲ್ಫೇಟ್ ಇರುವ ಗೊಬ್ಬರದೊಡನೆ ಗಟ್ಟಿ ದ್ರಾವಣವಾಗಿ ಕಲಸಿದರೆ ಸುಣ್ಣದಂತೆ ತಳಕ್ಕೆ ಕೂರುತ್ತದೆ, ಎರಡೂ ಹಾಳು. ಬೇರೆ ದಿನ, ಬೇರೆ ನೀರು.

ಗಿಡಕ್ಕೊಂದು ವೇಳೆ

ಗುಲಾಬಿಯನ್ನು ಸವರಿದ ತಕ್ಷಣ ಗೊಬ್ಬರ ಬೇಡ. ಎಲೆ ಇಲ್ಲದ ಗಿಡ ಹೀರುವುದು ಕಡಿಮೆ. ಹೊಸ ಚಿಗುರು 5 ಸೆಂ.ಮೀ. ಆದಾಗ ಮೊದಲ ಊಟ, ಮೊಗ್ಗು ಕಂಡಾಗ ಪೊಟ್ಯಾಷ್, ಹೂ ಬಾಡಿ ಐದೆಲೆಯ ಗೊಂಚಲಿನ ಮೇಲೆ ಕತ್ತರಿಸಿದ ಮೇಲೆ ಮತ್ತೊಂದು ಊಟ. ಒಂದು ಕತ್ತರಿಯಿಂದ ಮುಂದಿನ ಹೂವಿಗೆ ಸುಮಾರು ಆರರಿಂದ ಎಂಟು ವಾರ ಹಿಡಿಯುತ್ತದೆ. ಗೊಬ್ಬರದ ದಿನಗಳನ್ನು ಈ ಸುತ್ತಿಗೆ ಹೊಂದಿಸಿಕೊಳ್ಳಿ.

ದುಂಡುಮಲ್ಲಿಗೆಯನ್ನು ಹೂವಿನ ಸುತ್ತು ಮುಗಿದಮೇಲೆ ಮೂರನೇ ಒಂದು ಭಾಗ ಸವರಿ, ಒಂದೆರಡು ವಾರ ನೀರು ಕಡಿಮೆ ಮಾಡಿ, ನಂತರ ಕಾಂಪೋಸ್ಟ್ ಮತ್ತು ಹಿಂಡಿ ಹಾಕಿ ನೀರು ಬಿಡಿ. ಒಣಗಿ ಚೇತರಿಸಿಕೊಂಡ ಗಿಡ ಒಟ್ಟಿಗೆ ಚಿಗುರುತ್ತದೆ, ಒಟ್ಟಿಗೆ ಮೊಗ್ಗು ಕಟ್ಟುತ್ತದೆ.

ಬೋಗನ್‌ವಿಲ್ಲಾಕ್ಕೆ ನೀರಿನ ಬಿಗಿ ಗೊಬ್ಬರಕ್ಕಿಂತ ಮುಖ್ಯ. ಮೇಲಿನ ಎರಡು ಅಂಗುಲ ಮಣ್ಣು ಒಣಗಿ ಎಲೆ ಕೊಂಚ ಬಾಡಿದಂತೆ ಕಂಡಮೇಲೆ ನೀರು. ಕುಂಡದಲ್ಲಿ ಬೇರು ಇಕ್ಕಟ್ಟಾಗಿದ್ದರೆ ಅದಕ್ಕೆ ಹಿತವೇ, ಅವಸರದಲ್ಲಿ ದೊಡ್ಡ ಕುಂಡಕ್ಕೆ ಬದಲಿಸಬೇಡಿ.

ಸೇವಂತಿಗೆ ರಾತ್ರಿ ಉದ್ದವಾದಾಗ ಮೊಗ್ಗು ಕಟ್ಟುವ ಗಿಡ. ಬೀದಿ ದೀಪ ಅಥವಾ ಅಂಗಳದ ಬಲ್ಬಿನ ಬೆಳಕು ರಾತ್ರಿಯಿಡೀ ಬೀಳುತ್ತಿದ್ದರೆ ಗೊಬ್ಬರ ಎಷ್ಟೇ ಕೊಟ್ಟರೂ ಎಲೆಯಲ್ಲೇ ನಿಲ್ಲುತ್ತದೆ. 15 ಸೆಂ.ಮೀ. ಎತ್ತರಕ್ಕೆ ಬಂದಾಗ ತುದಿ ಚಿವುಟಿ, ಮೂರು ನಾಲ್ಕು ವಾರದ ಬಳಿಕ ಇನ್ನೊಮ್ಮೆ ಚಿವುಟಿ. ಮೊಗ್ಗು ಕಟ್ಟುವವರೆಗೆ ಹತ್ತು ದಿನಕ್ಕೊಮ್ಮೆ ಊಟ, ಮೊಗ್ಗಿನಲ್ಲಿ ಬಣ್ಣ ಕಂಡ ದಿನ ನಿಲ್ಲಿಸಿ. ಆಮೇಲೆ ಕೊಟ್ಟ ಸಾರಜನಕದಿಂದ ಎಸಳು ಮೆತ್ತಗಾಗಿ ಬೇಗ ಕೊಳೆಯುತ್ತವೆ.

ಇಕ್ಸೋರಾದ ಹೊಸ ಎಲೆ ಹಳದಿಯಾಗಿ ನರ ಮಾತ್ರ ಹಸಿರಾಗಿದ್ದರೆ, ಹೆಚ್ಚಿನ ಸಲ ಮಣ್ಣಿನ ಪಿಎಚ್ ಏರಿದೆ, ಕಬ್ಬಿಣ ಅಥವಾ ಮ್ಯಾಂಗನೀಸ್ ಇದ್ದೂ ಕೈಗೆಟುಕುತ್ತಿಲ್ಲ. ಸಿಮೆಂಟ್ ಗೋಡೆಯ ಬುಡದಲ್ಲಿ ನೆಟ್ಟಿದ್ದಕ್ಕೆ ಇದು ಸಾಮಾನ್ಯ, ಗೋಡೆಯ ಸುಣ್ಣ ಮಣ್ಣಿಗಿಳಿಯುತ್ತದೆ. ಕಬ್ಬಿಣವನ್ನು ಗಿಡಕ್ಕೆ ಸಿಗುವಂತೆ ಹಿಡಿದಿಡುವ ಕೀಲೇಟ್ ಗೊಬ್ಬರಗಳಲ್ಲಿ ಇಡಿಟಿಎ ರೂಪ ಹುಳಿ ಮಣ್ಣಿನಲ್ಲಷ್ಟೇ ಕೆಲಸ ಮಾಡುತ್ತದೆ. ಪಿಎಚ್ 7 ದಾಟಿದಲ್ಲಿ ಇಡಿಡಿಎಚ್‌ಎ ರೂಪವನ್ನೇ ಕೇಳಿ ತನ್ನಿ.

ಸುಗಂಧರಾಜ, ಲಿಲಿಯಂಥ ಗೆಡ್ಡೆ ಗಿಡಗಳಿಗೆ ಹೂ ಮುಗಿದ ಮೇಲೆ, ಎಲೆ ಹಸಿರಿರುವಾಗ ಕೊಟ್ಟದ್ದೇ ಮುಂದಿನ ಹೂವಿಗೆ ಸಲ್ಲುವ ಗೊಬ್ಬರ. ಆ ಎಲೆಗಳನ್ನು ಚಂದ ಕಾಣಲೆಂದು ಕತ್ತರಿಸಬೇಡಿ. ಹಸಿ ಗೊಬ್ಬರ ಗೆಡ್ಡೆಗೆ ತಾಗಿದರೆ ಕೊಳೆಯುತ್ತದೆ.

ಎಲ್ಲ ಗಿಡಕ್ಕೂ ಸಲ್ಲುವ ನಿಯಮವೂ ಇದೆ. ಬೆಳವಣಿಗೆ ನಿಂತಿರುವಾಗ ಗೊಬ್ಬರ ಬೇಡ. ಹಿಮ ಬೀಳುವ ಕಡೆ, ಮೊದಲ ಹಿಮಕ್ಕೆ ಆರರಿಂದ ಎಂಟು ವಾರ ಮುಂಚೆಯೇ ಸಾರಜನಕ ನಿಲ್ಲಿಸಬೇಕು, ಇಲ್ಲವಾದರೆ ಎಳೆ ಚಿಗುರು ಸಾಯುತ್ತದೆ. ಜಡಿಮಳೆಯ ವಾರಗಳಲ್ಲಿ ಕರಗುವ ಗೊಬ್ಬರ ಕೊಟ್ಟರೆ ಮೋರಿಗೆ ಕೊಟ್ಟಂತೆ.

ತಪ್ಪಾದಾಗ

ಮೊದಲು ಎಲೆಯ ವಯಸ್ಸು ನೋಡಿ. ಸಾರಜನಕ, ಮೆಗ್ನೀಷಿಯಂ, ಪೊಟ್ಯಾಷಿಯಂಗಳನ್ನು ಗಿಡ ಹಳೆಯ ಎಲೆಯಿಂದ ಹೊಸದಕ್ಕೆ ಸಾಗಿಸಬಲ್ಲದು, ಹಾಗಾಗಿ ಅವುಗಳ ಕೊರತೆ ಕೆಳಗಿನ ಎಲೆಗಳಲ್ಲಿ ಶುರು. ಇಡೀ ಎಲೆ ಸಮನಾಗಿ ಹಳದಿಯಾದರೆ ಸಾರಜನಕ, ನರಗಳ ನಡುವೆ ಹಳದಿಯಾದರೆ ಮೆಗ್ನೀಷಿಯಂ, ಅಂಚು ಸುಟ್ಟಂತಾದರೆ ಪೊಟ್ಯಾಷ್. ಕಬ್ಬಿಣ ಸಾಗುವುದಿಲ್ಲ, ಅದರ ಕೊರತೆ ತುದಿಯ ಎಳೆ ಎಲೆಗಳಲ್ಲಿ ಕಾಣುತ್ತದೆ. ಮೆಗ್ನೀಷಿಯಂಗೆ ಲೀಟರಿಗೆ 5 ಗ್ರಾಂ ಮೆಗ್ನೀಷಿಯಂ ಸಲ್ಫೇಟ್ ಕರಗಿಸಿ ಸಂಜೆ ಎಲೆಗೆ ಸಿಂಪಡಿಸಿ. ಲಕ್ಷಣ ಇಲ್ಲದೆ ತಿಂಗಳಿಗೊಮ್ಮೆ ಕೊಡುವ ರೂಢಿ ಬೇಡ. ಹೆಚ್ಚಾದ ಮೆಗ್ನೀಷಿಯಂ ಕ್ಯಾಲ್ಸಿಯಂಗೆ ಅಡ್ಡ ಬರುತ್ತದೆ.

ಚಿಗುರಿನ ತುಂಬ ಹೇನು ಮುತ್ತಿದ್ದರೆ, ಎಲೆ ಕಡುಹಸಿರಾಗಿ ಮೆತ್ತಗಿದ್ದರೆ, ಸಾರಜನಕ ಅತಿಯಾಗಿದೆ. ಮೊಗ್ಗು ಬಂದು ಉದುರುತ್ತಿದ್ದರೆ ಗೊಬ್ಬರದ ಕಡೆ ನೋಡುವ ಮುಂಚೆ ನೀರಿನ ಏರುಪೇರು ನೋಡಿ, ಮೊಗ್ಗನ್ನು ಬಿಡಿಸಿ ಒಳಗೆ ಥ್ರಿಪ್ಸ್ ಎಂಬ ರಸ ಹೀರುವ ಸಣ್ಣ ಕೀಟ ಇದೆಯೇ ನೋಡಿ.

ಕುಂಡದ ಅಂಚಿನಲ್ಲಿ ಬಿಳಿ ಉಪ್ಪು ಕಟ್ಟಿ, ಎಲೆಯ ತುದಿಗಳೆಲ್ಲ ಕಂದಾಗಿ ಒಣಗುತ್ತಿದ್ದರೆ ಗೊಬ್ಬರ ಮಿತಿ ಮೀರಿದೆ. ಮೇಲಿನ ಒಂದು ಅಂಗುಲ ಮಣ್ಣು ತೆಗೆದುಹಾಕಿ. ಕುಂಡದ ಅಳತೆಯ ಎರಡು ಪಟ್ಟು ನೀರನ್ನು, 12 ಲೀಟರಿನ ಕುಂಡಕ್ಕೆ 24 ಲೀಟರ್, ಅರ್ಧ ಗಂಟೆಯ ಅವಧಿಯಲ್ಲಿ ನಿಧಾನವಾಗಿ ಹಾಯಿಸಿ. ಕೆಳಗೆ ತಟ್ಟೆ ಇರಬಾರದು, ಬಸಿದ ನೀರು ಮತ್ತೆ ಮೇಲೇರಬಾರದು. ನಂತರ ಮೂರರಿಂದ ನಾಲ್ಕು ವಾರ ಬರೀ ನೀರು. ಸುಟ್ಟ ಎಲೆ ಮತ್ತೆ ಹಸಿರಾಗುವುದಿಲ್ಲ, ಹಾಗಾಗಿ ಅದನ್ನು ನೋಡಿ ನಿರ್ಧರಿಸಬೇಡಿ. ಹೊಸದಾಗಿ ಬಿಚ್ಚಿದ ಮೂರು ನಾಲ್ಕು ಎಲೆಗಳ ತುದಿ ಸ್ವಚ್ಛವಾಗಿದ್ದರೆ ಲೀಟರಿಗೆ ಅರ್ಧ ಗ್ರಾಂನಿಂದ ಮತ್ತೆ ಶುರು ಮಾಡಿ.